ಪರದೆಯ ಮೇಲಿನ ವೋಲ್ಟ್

1970ರ ದಶಕದ ಕೊನೆಗೆ ಆರ್.ಕೆ. ಬಾಳಿಗರ ಮುಂದಾಳತ್ವದಲ್ಲಿ ಕರ್ನಾಟಕ ಸರ್ಕಾರದ ಕಿಯೋನಿಕ್ಸ್ ಸಂಸ್ಥೆ ಬೆಂಗಳೂರಿನ ಕೋನಪ್ಪನ ಅಗ್ರಹಾರ, ದೊಡ್ಡತೋಗೂರುಗಳ 332 ಎಕರೆಯಲ್ಲಿ ಎಲೆಕ್ಟ್ರಾನಿಕ್ ಸಿಟಿ ಕಟ್ಟಲು ಹೊರಟಿತು. ಅಂದಿನ ಸಣ್ಣ ಕಾರ್ಖಾನೆಗಳಲ್ಲಿ ಸರ್ಕ್ಯೂಟನ್ನು ಪರೀಕ್ಷಿಸುವುದೆಂದರೆ ಬೆಸುಗೆ ಹಾಕಿ, ಕರೆಂಟು ಕೊಟ್ಟು, ಮೀಟರಿನ ಮುಳ್ಳು ನೋಡುವುದು. ತಪ್ಪಿದರೆ ಸುಟ್ಟ ವಾಸನೆಯೇ ಉತ್ತರ.

ಬೇರೆ ದಾರಿ ಆಗಲೇ ಹುಟ್ಟಿತ್ತು. 1973ರಲ್ಲಿ ಕ್ಯಾಲಿಫೋರ್ನಿಯಾದ ಬರ್ಕ್ಲಿಯಲ್ಲಿ ಲ್ಯಾರಿ ನೇಗಲ್ ಮತ್ತು ಪೆಡರ್ಸನ್ ರೂಪಿಸಿದ ಸ್ಪೈಸ್ ಎಂಬ ತಂತ್ರಾಂಶ, ಸರ್ಕ್ಯೂಟಿನ ಪ್ರತಿ ಗಂಟಿನ ವೋಲ್ಟೇಜನ್ನೂ ಲೆಕ್ಕ ಹಾಕಿಯೇ ಹೇಳಬಲ್ಲದಾಗಿತ್ತು. 1985ರಲ್ಲಿ ಟೆಕ್ಸಾಸ್ ಇನ್‌ಸ್ಟ್ರುಮೆಂಟ್ಸ್ ಬೆಂಗಳೂರಿಗೆ ಬಂದು ಉಪಗ್ರಹ ಸಂಪರ್ಕ ಪಡೆದ ಮೇಲೆ, ಕಂಪ್ಯೂಟರಿನಲ್ಲೇ ಚಿಪ್ ವಿನ್ಯಾಸ ಮಾಡುವುದು ಈ ಊರಿನ ಕಸುಬಾಯಿತು.

ಆಮೇಲೆ ಇಂಗ್ಲೆಂಡಿನ ಪ್ರೋಟಿಯಸ್‌ನಂಥ ತಂತ್ರಾಂಶಗಳು ಮೈಕ್ರೋಕಂಟ್ರೋಲರನ್ನೂ ಅದರೊಳಗಿನ ಪ್ರೋಗ್ರಾಮನ್ನೂ ಒಟ್ಟಿಗೆ ಓಡಿಸತೊಡಗಿದವು. ಎಂಜಿನಿಯರಿಂಗ್ ವಿದ್ಯಾರ್ಥಿಗೆ ಇದು ದೊಡ್ಡ ವರ.

ಅಗ್ಗದ ವೋಲ್ಟೇಜ್ ಸೆನ್ಸರನ್ನೇ ನೋಡಿ. ಒಳಗಿರುವುದು 30 ಕಿಲೋಓಮ್ ಮತ್ತು 7.5 ಕಿಲೋಓಮ್‌ನ ಎರಡು ರೆಸಿಸ್ಟರ್, ಅಷ್ಟೆ. ಬಂದ ವೋಲ್ಟೇಜಿನ ಐದನೇ ಒಂದು ಪಾಲು ಮಾತ್ರ ಮುಂದೆ ಹೋಗುತ್ತದೆ. 12 ವೋಲ್ಟಿನ ಬ್ಯಾಟರಿ ಜೋಡಿಸಿದರೆ 2.4 ವೋಲ್ಟ್; ಐದು ವೋಲ್ಟಿನ ಆರ್ಡುಯಿನೋ ಎಂಬ ಮೈಕ್ರೋಕಂಟ್ರೋಲರ್ ಬೋರ್ಡು ಅದನ್ನು ತನ್ನ ಅಳತೆಯಲ್ಲಿ 491 ಎಂದು ಓದುತ್ತದೆ. ಪರದೆಯ ಮೇಲೆ 40 ವೋಲ್ಟ್ ಕೊಟ್ಟರೂ ಏನೂ ಸುಡುವುದಿಲ್ಲ. ನಿಜದ ಚಿಪ್ ಅದರ ಐದನೇ ಒಂದು ಪಾಲಾದ ಎಂಟು ವೋಲ್ಟನ್ನು ತಡೆಯದು.

ಮೋಟರುಗಳು ಓಡುವ ಬೆಂಗಳೂರಿನ ಕೈಗಾರಿಕಾ ಪ್ರದೇಶ ಪೀಣ್ಯದಲ್ಲಿ, ಪರದೆಗೂ ನಿಜಕ್ಕೂ ಇರುವ ಈ ಅಂತರದ ಎಚ್ಚರಕ್ಕೆ ಬೆಲೆ ಹೆಚ್ಚು. 415 ವೋಲ್ಟಿನ ಮೂರು ಫೇಸಿನ ಲೈನಿಗೆ ಈ ಪುಟ್ಟ ಸೆನ್ಸರ್ ಸಲ್ಲದು, ಟ್ರಾನ್ಸ್‌ಫಾರ್ಮರ್ ಇರುವಂಥ ಸೆನ್ಸರ್ ಬೇಕು. ಇನ್ನೊಂದು ಎಚ್ಚರ: ಬೆಂಗಳೂರಿನ ಎಲೆಕ್ಟ್ರಾನಿಕ್ಸ್ ಪೇಟೆಯಾದ ಎಸ್.ಪಿ. ರೋಡಿನಲ್ಲಿ ಕೊಂಡ ರೆಸಿಸ್ಟರಿನಲ್ಲಿ ಶೇ. 5ರ ಏರುಪೇರಿದ್ದರೆ, ಪರದೆಯ 491 ಮೇಜಿನ ಮೇಲೆ 455 ಆಗಬಹುದು, 530ಕ್ಕೂ ಏರಬಹುದು.