ಅಂಗೋಸ್ಟುರಾ: ಒಂದು ಕಹಿಮದ್ದಿನ ಚರಿತ್ರೆ

ಮೇಷ್ಟ್ರು ಮದ್ಯದ ವಿಷಯ ಬರೆಯತೊಡಗಿದರೆಂದು ನನ್ನ ಹಳೆಯ ವಿದ್ಯಾರ್ಥಿಗಳು ಹುಬ್ಬೇರಿಸಬೇಕಾಗಿಲ್ಲ. ಇಲ್ಲಿ ಹೇಳಹೊರಟಿರುವುದು ಒಂದು ಔಷಧಿಯ ಕಥೆಯನ್ನು. ಅದು ಪಾನಗೃಹವನ್ನು ಸೇರಿದ್ದು ಆಮೇಲಿನ ಮಾತು.

ಕಹಿಯಾದ ಬೇರು, ತೊಗಟೆ ಹಾಗೂ ಸಾಂಬಾರ ಪದಾರ್ಥಗಳನ್ನು ಮದ್ಯಸಾರದಲ್ಲಿ ನೆನೆಯಿಟ್ಟು ತೆಗೆದ ಸತ್ತ್ವಕ್ಕೆ ‘ಬಿಟರ್ಸ್’ ಎಂದು ಹೆಸರು. ನಾವು ಇಂಥವನ್ನು ನೀರಿನಲ್ಲಿ ಕುದಿಸಿ ಕಷಾಯ ಮಾಡುತ್ತೇವೆ. ಯುರೋಪಿನ ಔಷಧಿಕಾರರು ಮದ್ಯಸಾರವನ್ನು ಆಶ್ರಯಿಸಿದರು. ಕಹಿಯಿಂದ ಹೊಟ್ಟೆ ಸರಿಹೋಗುವುದೆಂಬ ನಂಬಿಕೆ ಮಾತ್ರ ಎರಡೂ ಕಡೆ ಒಂದೇ. ಲಂಡನ್ನಿನ ರಿಚರ್ಡ್ ಸ್ಟೌಟನ್ ಎಂಬಾತನು 1712ರಲ್ಲಿ ಇಂಥದೊಂದು ಮದ್ದಿಗೆ ಪೇಟೆಂಟ್ ಪಡೆದನು. ಮದ್ದಿನ ಕಹಿಯನ್ನು ನುಂಗಲು ಜನ ಅದನ್ನು ಮದ್ಯದಲ್ಲಿ ಬೆರೆಸಿದರು. ಕ್ರಮೇಣ ಮದ್ಯದ ರುಚಿಗಾಗಿಯೇ ಮದ್ದನ್ನು ಬೆರೆಸಲಾರಂಭಿಸಿದರು. 1806ರಲ್ಲಿ ನ್ಯೂಯಾರ್ಕ್ ರಾಜ್ಯದ ಹಡ್ಸನ್ ಪಟ್ಟಣದ ಪತ್ರಿಕೆಯೊಂದು ‘ಕಾಕ್‌ಟೇಲ್’ ಎಂಬ ಪದಕ್ಕೆ ಅರ್ಥ ಹೇಳುವಾಗ ಮದ್ಯ, ಸಕ್ಕರೆ, ನೀರುಗಳ ಜೊತೆಗೆ ಬಿಟರ್ಸನ್ನೂ ಸೇರಿಸಿತು.

ಇವುಗಳಲ್ಲೆಲ್ಲ ಹೆಸರಾಂತದ್ದು ಅಂಗೋಸ್ಟುರಾ ಬಿಟರ್ಸ್. ಇದನ್ನು ರೂಪಿಸಿದವನು ಯೋಹಾನ್ ಸೀಗರ್ಟ್ ಎಂಬ ಜರ್ಮನ್ ವೈದ್ಯ. ನೆಪೋಲಿಯನ್ನನ ವಿರುದ್ಧದ ಯುದ್ಧದಲ್ಲಿ ಪ್ರಷ್ಯದ ಸೈನ್ಯದ ಶಸ್ತ್ರವೈದ್ಯನಾಗಿದ್ದ ಈತನು 1820ರಲ್ಲಿ ವೆನೆಜುವೆಲಾಕ್ಕೆ ಬಂದು, ಸ್ಪೇನಿನ ಆಳ್ವಿಕೆಯ ವಿರುದ್ಧ ಹೋರಾಡುತ್ತಿದ್ದ ಸಿಮೋನ್ ಬೊಲಿವಾರನ ಪಕ್ಷವನ್ನು ಸೇರಿದನು. ಒರಿನೋಕೋ ನದಿಯ ದಡದ ಅಂಗೋಸ್ಟುರಾ ಪಟ್ಟಣದ ಸೈನಿಕ ಆಸ್ಪತ್ರೆಯ ಹೊಣೆ ಅವನದಾಯಿತು. ಉಷ್ಣವಲಯದಲ್ಲಿ ಸೈನಿಕರನ್ನು ಕಾಡುತ್ತಿದ್ದ ಹೊಟ್ಟೆಯ ಬಾಧೆಗೆ ಪರಿಹಾರ ಹುಡುಕುತ್ತ, ನಾಲ್ಕು ವರ್ಷಗಳ ಪ್ರಯೋಗದ ಬಳಿಕ 1824ರಲ್ಲಿ ಅವನು ಈ ಮದ್ದನ್ನು ಸಿದ್ಧಪಡಿಸಿದನು. ಅಂಗೋಸ್ಟುರಾ ರೇವುಪಟ್ಟಣವೂ ಆಗಿದ್ದುದರಿಂದ ನಾವಿಕರು ಅದನ್ನು ಊರೂರಿಗೆ ಕೊಂಡೊಯ್ದರು. ಬ್ರಿಟಿಷ್ ನೌಕಾದಳದಲ್ಲಿ ಜಿನ್ನಿಗೆ ಅದರ ಕೆಲವು ಹನಿ ಬೆರೆಸುವುದು ವಾಡಿಕೆಯೇ ಆಯಿತು.

ತರಗತಿಯಲ್ಲಿ ನಾವು ಭೂಪಟದಲ್ಲಿ ಊರು ಹುಡುಕುವ ಆಟ ಆಡುತ್ತಿದ್ದುದು ನಿಮಗೆ ನೆನಪಿರಬಹುದು. ಒರಿನೋಕೋ ದಡದಲ್ಲಿ ಈಗ ಈ ಅಂಗೋಸ್ಟುರಾವನ್ನು ಹುಡುಕಿದರೆ ಸಿಕ್ಕದು. ಸ್ಪ್ಯಾನಿಷ್ ಭಾಷೆಯಲ್ಲಿ ‘ಅಂಗೋಸ್ಟುರಾ’ ಎಂದರೆ ಇಕ್ಕಟ್ಟಾದ ಜಾಗ. ಅಲ್ಲಿ ನದಿಯ ಪಾತ್ರ ಕಿರಿದಾಗುವುದರಿಂದ ಊರಿಗೆ ಆ ಹೆಸರು. 1819ರಲ್ಲಿ ಬೊಲಿವಾರನು ತನ್ನ ಪ್ರಸಿದ್ಧ ಭಾಷಣವನ್ನು ಮಾಡಿದ್ದು ಅಲ್ಲಿಯೇ. ಅವನ ಗೌರವಾರ್ಥವಾಗಿ 1846ರಲ್ಲಿ ಪಟ್ಟಣಕ್ಕೆ ಸಿಯುದಾದ್ ಬೊಲಿವಾರ್ ಎಂದು ಹೆಸರಿಟ್ಟರು. ಊರು ಕಳೆದುಕೊಂಡ ಹೆಸರನ್ನು ಸೀಸೆ ಉಳಿಸಿಕೊಂಡಿತು.

ಮುಂದೆ ಸೀಸೆಯೂ ಊರು ಬಿಟ್ಟಿತು. ಸೀಗರ್ಟ್ 1870ರಲ್ಲಿ ತೀರಿಕೊಂಡನು. ದೇಶದಲ್ಲಿ ರಾಜಕೀಯ ಕ್ಷೋಭೆ ಹೆಚ್ಚಿದುದರಿಂದ ಮಕ್ಕಳು 1875ರಲ್ಲಿ ಉದ್ಯಮವನ್ನು ಟ್ರಿನಿಡಾಡಿನ ಪೋರ್ಟ್ ಆಫ್ ಸ್ಪೇನಿಗೆ ಸಾಗಿಸಿದರು. ಸೀಸೆಗಿಂತ ಅದರ ಚೀಟಿಯೇ ದೊಡ್ಡದಾಗಿ ಕತ್ತಿನವರೆಗೂ ಸುತ್ತಿಕೊಂಡಿರುವುದು ಇಂದಿಗೂ ಅದರ ಗುರುತು. ಸೋದರರಲ್ಲಿ ಒಬ್ಬ ಸೀಸೆ, ಇನ್ನೊಬ್ಬ ಚೀಟಿ ಸಿದ್ಧಪಡಿಸಿ, ಅಳತೆ ಕೇಳಿಕೊಳ್ಳದೆ ಹೋದರೆಂದು ಕಂಪನಿಯವರೇ ಹೇಳುವ ಕಥೆಯುಂಟು.

ಅಮೆರಿಕದಲ್ಲಿ ಬಿಟರ್ಸ್ ಹೆಸರಿನ ಎಷ್ಟೋ ಸೀಸೆಗಳು ಸರ್ವರೋಗಕ್ಕೂ ಮದ್ದೆಂದು ಮಾರಾಟವಾಗುತ್ತಿದ್ದವು. 1906ರ ಆಹಾರ ಮತ್ತು ಔಷಧಿ ಕಾನೂನು, ಅವುಗಳಲ್ಲಿ ಮದ್ಯಸಾರ ಎಷ್ಟಿದೆಯೆಂದು ಚೀಟಿಯ ಮೇಲೆ ತಿಳಿಸುವಂತೆ ಮಾಡಿತು. ಅಂಥ ಮದ್ದುಗಳ ಕಾಲ ಮುಗಿಯುತ್ತ ಬಂದಿತು. 1920ರಿಂದ 1933ರವರೆಗಿನ ಪಾನನಿಷೇಧದಲ್ಲಿ ಕಾಕ್‌ಟೇಲನ್ನೇ ನೆಚ್ಚಿದ್ದ ಹಲವು ಬಿಟರ್ಸ್‌ಗಳೂ ಮರೆಯಾದವು. ವಿಸ್ಕಾನ್ಸಿನ್ನಿನ ವಾಷಿಂಗ್ಟನ್ ದ್ವೀಪದ ಟಾಮ್ ನೆಲ್ಸನ್ ಎಂಬ ಪಾನಗೃಹದ ಒಡೆಯನು ಮಾತ್ರ ಔಷಧಿ ಮಾರುವ ಪರವಾನಗಿ ಪಡೆದು, ಶೇಕಡ 44ಕ್ಕೂ ಮಿಕ್ಕಿ ಮದ್ಯಸಾರವಿದ್ದ ಅಂಗೋಸ್ಟುರಾವನ್ನು ಹೊಟ್ಟೆಯ ಮದ್ದೆಂದು ಗುಟುಕು ಲೆಕ್ಕದಲ್ಲಿ ಮಾರಿದನು! ಪಾನೀಯವಾಗಿದ್ದ ಮದ್ದು ಮತ್ತೆ ಮದ್ದಾಯಿತು.

ಸೀಗರ್ಟನ ಮದ್ದು ಇಂದು ಔಷಧಿಯೆಂದು ಬದುಕಿಲ್ಲ, ರುಚಿಯೆಂದು ಬದುಕಿದೆ. ಅದನ್ನು ಕುಡಿದು ಗುಣವಾದೆವೆಂದುಕೊಂಡ ಸೈನಿಕರ ಹೆಸರು ಯಾರಿಗೂ ತಿಳಿಯದು. ಅವರು ಮಲಗಿದ್ದ ಊರಿನ ಹೆಸರಾದರೂ ಉಳಿಯಿತು. ವಿದೇಶಗಳಲ್ಲಿರುವ ನನ್ನ ಶಿಷ್ಯರು ಆ ಹಳದಿ ಮುಚ್ಚಳದ ಸೀಸೆಯನ್ನು ಕಂಡಿರಬಹುದು. ಇನ್ನೊಮ್ಮೆ ಕಂಡರೆ ಚೀಟಿಯನ್ನು ಓದಿರಿ. ಓದಿದರೆ ಸಾಕು.