ಸ್ನೇಹಲತಾ ರೆಡ್ಡಿ: 'ಸಂಸ್ಕಾರ'ದ ಚಂದ್ರಿ

ಕನ್ನಡದ ಹೊಸ ಅಲೆಗೆ ನಾಂದಿ ಹಾಡಿದ 'ಸಂಸ್ಕಾರ' (1970) ಚಿತ್ರದಲ್ಲಿ ಚಂದ್ರಿಯ ಪಾತ್ರ ನಿರ್ವಹಿಸಿದ ಸ್ನೇಹಲತಾ ರೆಡ್ಡಿ ಅವರ ಚಿತ್ರಜೀವನ ತೀರ ಅಲ್ಪಕಾಲದ್ದು. ಮೂಲತಃ ಅವರು ರಂಗಭೂಮಿಯವರು. ಮದ್ರಾಸ್ ಪ್ಲೇಯರ್ಸ್ ನಾಟಕ ತಂಡದ ಸ್ಥಾಪಕರಲ್ಲಿ ಒಬ್ಬರು.

ಯು.ಆರ್. ಅನಂತಮೂರ್ತಿಯವರ ಕಾದಂಬರಿಯನ್ನು ಆಧರಿಸಿದ ಈ ಚಿತ್ರವನ್ನು ನಿರ್ದೇಶಿಸಿದವರು ಅವರ ಪತಿ ಪಟ್ಟಾಭಿರಾಮ ರೆಡ್ಡಿ. ಪ್ರಾಣೇಶಾಚಾರ್ಯರಾಗಿ ಗಿರೀಶ ಕಾರ್ನಾಡ, ನಾರಣಪ್ಪನಾಗಿ ಪಿ. ಲಂಕೇಶ್ ನಟಿಸಿದ್ದರು. ಸತ್ತ ನಾರಣಪ್ಪನ ಶವಸಂಸ್ಕಾರಕ್ಕೆ ಅಗ್ರಹಾರದ ಬ್ರಾಹ್ಮಣರು ಮೀನಮೇಷ ಎಣಿಸುತ್ತಿರುವಾಗ, ಮೈಮೇಲಿನ ಒಡವೆಗಳನ್ನೆಲ್ಲ ಬಿಚ್ಚಿಡುವವಳು ಚಂದ್ರಿ. ಮಾತು ಕಡಿಮೆಯಿರುವ ಈ ಪಾತ್ರವನ್ನು ಸ್ನೇಹಲತಾ ಬಹುಮಟ್ಟಿಗೆ ಕಣ್ಣುಗಳಲ್ಲಿಯೇ ಅಭಿನಯಿಸಿದರು. ಸೆನ್ಸಾರ್ ಮಂಡಳಿ ಮೊದಲು ತಡೆಹಿಡಿದಿದ್ದ ಚಿತ್ರವೇ ಬಳಿಕ ಅತ್ಯುತ್ತಮ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಗಳಿಸಿತು.

ಸಮಾಜವಾದಿ ನಾಯಕ ಜಾರ್ಜ್ ಫರ್ನಾಂಡಿಸ್ ಅವರ ಒಡನಾಟದಲ್ಲಿದ್ದ ಅವರನ್ನು ತುರ್ತು ಪರಿಸ್ಥಿತಿಯ ವೇಳೆ, 1976ರ ಮೇ 2ರಂದು ಬಂಧಿಸಲಾಯಿತು. ಬರೋಡಾ ಡೈನಮೈಟ್ ಪ್ರಕರಣದ ಅಂತಿಮ ಆರೋಪಪಟ್ಟಿಯಲ್ಲಿ ಅವರ ಹೆಸರಿರಲಿಲ್ಲ. ಆದರೂ ಮೀಸಾ ಕಾಯ್ದೆಯಡಿ ಎಂಟು ತಿಂಗಳು ಬೆಂಗಳೂರಿನ ಕೇಂದ್ರ ಕಾರಾಗೃಹದಲ್ಲಿರಬೇಕಾಯಿತು. ಉಬ್ಬಸದ ರೋಗಿಯಾಗಿದ್ದ ಅವರ ಆರೋಗ್ಯ ಅಲ್ಲಿ ಪೂರ್ತಿ ಕುಸಿಯಿತು. ಸೆರೆಯಲ್ಲಿ ಬರೆದ ದಿನಚರಿ ನಂತರ ಪುಸ್ತಕವಾಗಿ ಪ್ರಕಟವಾಯಿತು. 1977ರ ಜನವರಿ 15ರಂದು ಪೆರೋಲ್ ಮೇಲೆ ಹೊರಬಂದ ಸ್ನೇಹಲತಾ, ಐದು ದಿನಗಳ ಬಳಿಕ, ಜನವರಿ 20ರಂದು ನಿಧನರಾದರು.