ನಾಣೇಘಾಟ್‌ನ ಚುಕ್ಕೆ: ಅನುಸ್ವಾರವೋ, ಲಾವಾದ ಗುಳ್ಳೆಯೋ?

ನಾಣೇಘಾಟ್ ಗುಹಾಶಾಸನದ ಫೋಟೋ ದೊಡ್ಡದು ಮಾಡಿ ನೋಡುತ್ತಿದ್ದಾಗ ಒಂದು ಅಕ್ಷರದ ಬಲಕ್ಕೆ ಚುಕ್ಕೆ ಕಂಡಿತು. ಅಚ್ಚಾದ ಪಾಠದಲ್ಲಿ ಅಲ್ಲಿ ಅನುಸ್ವಾರವಿಲ್ಲ. ದೊಡ್ಡವರು ಬಿಟ್ಟಿದ್ದನ್ನು ನಾನು ಹಿಡಿದೆ ಅಂತ ಹಿಗ್ಗಿ, ನಾಲ್ಕಾರು ಗೆಳೆಯರಿಗೆ ಕಳಿಸಿಯೂಬಿಟ್ಟೆ.

ಜುನ್ನರ್ ಹತ್ತಿರದ ಈ ಘಾಟಿ ಕೊಂಕಣದಿಂದ ದಖ್ಖನ್ನಿಗೆ ಹತ್ತುವ ಹಳೆಯ ವ್ಯಾಪಾರದ ದಾರಿ. ಗುಹೆಯ ಗೋಡೆಗಳ ಮೇಲೆ ಶಾತವಾಹನರ ಪ್ರಾಕೃತ ಶಾಸನವಿದೆ, ಬ್ರಾಹ್ಮಿ ಲಿಪಿಯಲ್ಲಿ. ಇಂದ್ರ, ಸಂಕರ್ಷಣ, ವಾಸುದೇವರಿಗೆ ನಮಸ್ಕಾರ. ಆಮೇಲೆ ಯಜ್ಞಗಳ ಪಟ್ಟಿ, ಕೊಟ್ಟ ಹಸು, ಕುದುರೆ, ಕಾರ್ಷಾಪಣಗಳ ಲೆಕ್ಕ, ಅಂಕಿ ಸಮೇತ.

ಗೋಡೆಯ ಕಲ್ಲು ಬಸಾಲ್ಟ್. ಸುಮಾರು 6.6 ಕೋಟಿ ವರ್ಷಗಳ ಹಿಂದೆ ನೆಲ ಸೀಳಿ ಬಂದ ಲಾವಾ, ಪದರದ ಮೇಲೆ ಪದರವಾಗಿ ಹರಿದು ಆರಿದ್ದು. ನಮ್ಮ ವಿಜಯಪುರ, ಬೀದರ್ ಕಡೆಯ ಕಪ್ಪುಕಲ್ಲೂ ಇದೇ ಲಾವಾಸಮೂಹದ್ದು. ಲಾವಾ ಆರುವಾಗ ಒಳಗಿನ ಗ್ಯಾಸ್ ಮೇಲೇಳುತ್ತೆ. ಹೊರಬೀಳುವ ಮೊದಲೇ ಕಲ್ಲು ಗಟ್ಟಿಯಾದರೆ ಗುಳ್ಳೆ ಅಲ್ಲೇ ಉಳಿಯುತ್ತೆ. ವೈಬ್ರೇಟರ್ ಸರಿಯಾಗಿ ಹಾಕದ ಕಾಂಕ್ರೀಟ್ ಕಂಬದ ಶಟರಿಂಗ್ ಬಿಚ್ಚಿದಾಗ ತೂತು ಕಾಣುತ್ತಲ್ಲ, ಹಾಗೆ. ಮುಂದೆ ಕಲ್ಲಿನೊಳಗೆ ಇಳಿದ ನೀರು ಆ ಗುಳ್ಳೆಗಳಲ್ಲಿ ಬಿಳಿ ಜಿಯೋಲೈಟ್, ಕ್ಯಾಲ್ಸೈಟ್ ತುಂಬುತ್ತೆ. ಮಳೆಗಾಳಿಗೆ ಅದು ಉದುರಿದರೆ ಮತ್ತೆ ಕುಳಿ.

ಬ್ರಾಹ್ಮಿ ಓದುವವರಿಗೆ ಇದು ದೊಡ್ಡ ತಲೆನೋವು. ಪಕ್ಕದಲ್ಲೊಂದು ಚುಕ್ಕೆ ಬಂದರೆ ಅನುಸ್ವಾರ. ಬರೀ ವೃತ್ತ 'ಠ', ಅದರೊಳಗೆ ಚುಕ್ಕೆ ಬಿದ್ದರೆ 'ಥ'. 'ಇ' ಅಂದರೆ ಮೂರು ಚುಕ್ಕೆ, ಅಷ್ಟೇ! ಗ್ರಾನೈಟ್ ಬಂಡೆಯಲ್ಲಿ ಗ್ಯಾಸ್ ಗುಳ್ಳೆಯ ಈ ಕಾಟ ಇರೋದಿಲ್ಲ.

ಕೊನೆಗೆ ಹೋಗಿ ನೋಡಿದೆ. ಗೋಡೆ ಮುಟ್ಟಲಿಲ್ಲ, ಟಾರ್ಚನ್ನು ಮಾತ್ರ ಓರೆಯಾಗಿ ಹಿಡಿದೆ. ಉಳಿಯಿಂದ ತೋಡಿದ ಚುಕ್ಕೆ ಬಾಯಲ್ಲಿ ಅಗಲ, ತಳದಲ್ಲಿ ಕಿರಿದು; ಆಳವೂ ಪಕ್ಕದ ಗೆರೆಗಳಷ್ಟೇ. ನನ್ನ ಚುಕ್ಕೆ ಒಳಗೆ ಹೋದಂತೆ ಮಡಕೆಯ ಹಾಗೆ ಅಗಲವಾಗಿತ್ತು, ಅಂಚಿನಲ್ಲಿ ಬಿಳಿ ಪುಡಿ ಅಂಟಿಕೊಂಡಿತ್ತು. ಇನ್ನೂ ನಾಚಿಕೆಯಾಗಿದ್ದು ಬೆಳಕನ್ನು ಆಚೆ ತಿರುಗಿಸಿದಾಗ: ಅಕ್ಷರವೇ ಇಲ್ಲದ ಜಾಗದಲ್ಲೂ ಅಂಥವೇ ಏಳೆಂಟು. ನಾನು ಅಕ್ಷರದ ಸುತ್ತಷ್ಟೇ ಫೋಟೋ ಕತ್ತರಿಸಿ ನೋಡಿದ್ದೆ, ಖಾಲಿ ಗೋಡೆ ನೋಡಿರಲೇ ಇಲ್ಲ.

ಗೆಳೆಯರಿಗೆ ಅಲ್ಲಿಂದಲೇ ತಿದ್ದುಪಡಿ ಕಳಿಸಿದೆ. ಈಗ ಬಸಾಲ್ಟ್ ಶಾಸನದ ಫೋಟೋ ಕೇಳುವಾಗ, ಅಕ್ಷರದ ಜೊತೆ ಸುತ್ತಲಿನ ಒಂದು ಗೇಣು ಖಾಲಿ ಕಲ್ಲನ್ನೂ ಸೇರಿಸಿ ಅಂತ ಕೇಳ್ತೀನಿ.